ಗಂಡ ಓದಿ ಹೇಳಿದ ರೈಲು ಪಿಕ್ಚರ್

ಆ ರೈಲಿನ ಪಿಕ್ಚರನ್ನು ನಾನು ಎರಡು ಸಲ ನೋಡಿದೆ. ಮೊದಲನೇ ಸಲ ಅಮೆರಿಕದ ಹ್ಯೂಸ್ಟನ್‌ನಲ್ಲಿ. ಗಂಡ ಪಕ್ಕದಲ್ಲಿ ಕೂತು ಕಥೆ ಹೇಳಿದರು. ಎರಡನೇ ಸಲ ಆಸ್ಟಿನ್‌ನಲ್ಲಿ. ಅದೇ ಕಥೆಯನ್ನು ನಾನು ಹತ್ತು ಜನಕ್ಕೆ ಹೇಳಲು ಹೋಗಿ ಮರ್ಯಾದೆ ಕಳೆದುಕೊಂಡೆ. ಮರ್ಯಾದೆ ಹೋದದ್ದು ದೊಡ್ಡದಲ್ಲ. ಅದರ ಹಿಂದೆ ಹೋದದ್ದು ದೊಡ್ಡದು. ಅದನ್ನು ಬರೆಯುತ್ತೇನೆ.

ಮೂಕಿ ಪಿಕ್ಚರ್ ಅದು. ಜನ ಬಾಯಿ ಆಡಿಸುತ್ತಾರೆ, ಮಾತು ಕೇಳಿಸುವುದಿಲ್ಲ. ನಡುನಡುವೆ ಕಪ್ಪು ಪರದೆಯ ಮೇಲೆ ಬಿಳಿ ಅಕ್ಷರದಲ್ಲಿ ಇಂಗ್ಲಿಷ್ ಬರುತ್ತದೆ. ಓದು ಬಂದವರು ಓದಿಕೊಳ್ಳಬೇಕು. ಬಾರದವರು ಪಕ್ಕದವರ ಬಾಯಿ ನೋಡಬೇಕು. ನಾನು ಬಾಯಿ ನೋಡುವ ಪೈಕಿ.

ಅರಸೀಕೆರೆಯ ರೈಲ್ವೆ ಕ್ವಾರ್ಟರ್ಸಿನಲ್ಲಿ ಬೆಳೆದವಳು ನಾನು. ಅಪ್ಪ ಪಾಯಿಂಟ್ಸ್‌ಮನ್. ಗಾಡಿ ಯಾವ ಹಳಿಗೆ ಹೋಗಬೇಕೋ ಆ ಹಳಿಗೆ ಸರಳು ಎಳೆದು ತಿರುಗಿಸುವುದು ಅಪ್ಪನ ಕೆಲಸ. ನನ್ನನ್ನು ಎರಡನೇ ಕ್ಲಾಸಿಗೆ ಸ್ಕೂಲು ಬಿಡಿಸಿದರು. ತಮ್ಮ ಹುಟ್ಟಿದ್ದ, ತೊಟ್ಟಿಲು ತೂಗುವವರು ಬೇಕಿತ್ತು. ಒಂದೊಂದೇ ಅಕ್ಷರ ಕಂಡರೆ ಗುರುತು ಸಿಗುತ್ತಿತ್ತು, ಸಾಲಾಗಿ ನಿಂತರೆ ಎಲ್ಲ ಒಂದೇ ಮಸಿ. ನನ್ನ ಹೆಸರೊಂದು ಬರೆಯಲು ಬರುತ್ತಿತ್ತು. ಅದೂ ತೊಟ್ಟಿಲ ಹಗ್ಗ ಕಾಲಿಗೆ ಕಟ್ಟಿಕೊಂಡು, ನೆಲದ ಮೇಲೆ ಇದ್ದಿಲಲ್ಲಿ ಗೀಚಿ ಗೀಚಿ ಕಲಿತದ್ದು.

ವರ್ಷಕ್ಕೊಂದು ಸಲ ಮೈದಾನಕ್ಕೆ ಟೆಂಟ್ ಬರುತ್ತಿತ್ತು. ಬೇರೆ ಊರಿನಲ್ಲಿ ಮಾತಾಡುವ ಪಿಕ್ಚರ್ ಬಂದಿದ್ದರೂ ನಮ್ಮ ಟೆಂಟಿಗೆ ಇನ್ನೂ ಮೂಕಿಯೇ ಗತಿ. ಪರದೆ ಪಕ್ಕ ಒಬ್ಬ ಕೋಲು ಹಿಡಿದು ನಿಂತು ಕಥೆ ಹೇಳುತ್ತಿದ್ದ. ಬಿಳೀ ದೊರೆಸಾನಿ ಅತ್ತರೆ, "ನೋಡ್ರಪ್ಪಾ, ಸೀತಮ್ಮನಂಥೋಳು ಹೆಂಗೆ ಗೋಳಾಡ್ತಾಳೆ" ಅನ್ನುತ್ತಿದ್ದ. ಅವನಿಗೂ ಇಂಗ್ಲಿಷ್ ಬರುತ್ತಿರಲಿಲ್ಲ ಅಂತ ಅಪ್ಪ ನಗುತ್ತಿದ್ದರು. ಎಲ್ಲರಿಗೂ ಗೊತ್ತಿತ್ತು, ಯಾರೂ ಕೇಳುತ್ತಿರಲಿಲ್ಲ. ಕಥೆ ಚೆನ್ನಾಗಿದ್ದರೆ ಸಾಕು.

ಹದಿನೈದಕ್ಕೆ ಮದುವೆ. ಇವರು ಆಗ ಹೈಸ್ಕೂಲು ಮುಗಿಸಿದ್ದ ಹುಡುಗ. ಆಮೇಲೆ ಓದುತ್ತಾ ಓದುತ್ತಾ ಇಂಜಿನಿಯರ್ ಆದರು. ನಾನು ಇದ್ದ ಕಡೆಯೇ ಇದ್ದೆ. ಮಕ್ಕಳಾಗಲಿಲ್ಲ. ಅರವತ್ತರ ದಶಕದ ಕೊನೆಗೆ ಎಣ್ಣೆ ಬಾವಿಯ ಯಂತ್ರ ಮಾಡುವ ಒಂದು ಕಂಪನಿ ಇವರನ್ನು ಹ್ಯೂಸ್ಟನ್‌ಗೆ ಕರೆಸಿಕೊಂಡಿತು, ಹಿಂದೆ ನಾನೂ ಬಂದೆ. ಈಗ ಎನರ್ಜಿ ಕಾರಿಡಾರ್ ಅಂತ ಎಣ್ಣೆ ಕಂಪನಿಗಳೇ ತುಂಬಿರುವ ಕಡೆ ಆಗ ದನ ಮೇಯುತ್ತಿದ್ದವು, ಅದರಾಚೆ ಭತ್ತದ ಗದ್ದೆ. ಕನ್ನಡದವರ ಮನೆ ಊರಿಗೆಲ್ಲ ನಾಲ್ಕೋ ಐದೋ. ಕೊತ್ತಂಬರಿ ಸೊಪ್ಪು ಬೇಕೆಂದರೆ ಮೆಕ್ಸಿಕೋದವರ ಅಂಗಡಿಗೆ ಹೋಗಿ, ಬೆರಳು ತೋರಿಸಿ ತರುತ್ತಿದ್ದೆ.

ಇಂಗ್ಲಿಷ್ ಎಲ್ಲ ಇವರ ಬಾಯಿಂದ. ಕನ್ನಡವೂ ಇವರ ಬಾಯಿಂದಲೇ. ನನ್ನ ತಮ್ಮ ಅರಸೀಕೆರೆಯಲ್ಲೇ ಪಾರ್ಸಲ್ ಆಫೀಸಿನಲ್ಲಿ ಗುಮಾಸ್ತ. ಅಪ್ಪ ಹೋದ ಮೇಲೆ ಅಮ್ಮ ಅವನ ಹತ್ತಿರ ಇದ್ದಳು. ತಿಂಗಳಿಗೊಂದು ನೀಲಿ ಕಾಗದ ಹಾಕುತ್ತಿದ್ದ. ನಾವು ಬಾಡಿಗೆ ಮನೆ ಬದಲಾಯಿಸುತ್ತಿರುತ್ತೇವೆ ಅಂತ ಇವರು ಆಫೀಸಿನ ವಿಳಾಸ ಕೊಟ್ಟಿದ್ದರು. ಶನಿವಾರ ಬೆಳಿಗ್ಗೆ ಕಾಫಿ ಆದ ಮೇಲೆ ಕಾಗದ ತೆಗೆದು ಓದಿ ಹೇಳುವರು. ನಾನು ಸೊಪ್ಪು ಬಿಡಿಸುತ್ತಾ ಕೇಳುವೆ. ಓದಿ ಆದ ಮೇಲೆ ಕಾಗದ ನನ್ನ ಕೈಗೆ. ನಾನು ಅದನ್ನು ಬಿಸ್ಕತ್ತಿನ ಡಬ್ಬಿಯಲ್ಲಿ ಹಾಕಿ ಇಡುವೆ. ಉತ್ತರ ಬರೆಯುವಾಗ ನಾನು ಹೇಳುವುದು, ಇವರು ಬರೆಯುವುದು, ಕೊನೆಗೆ ಕೆಳಗೆ ನನ್ನ ಹೆಸರು ನಾನೇ ಬರೆಯುವುದು. ನನಗೆ ಅದೇ ದೊಡ್ಡ ಜಂಬ.

ನಾವು ಬಂದ ಎರಡನೇ ವರ್ಷ ಅಮ್ಮ ಬಚ್ಚಲಲ್ಲಿ ಜಾರಿ ಸೊಂಟ ಮುರಿದುಕೊಂಡಳು. ಅದನ್ನು ಓದಿದರು. ನಾನು ಊರಿಗೆ ಹೋಗುತ್ತೇನೆ ಎಂದೆ.

"ನೋಡೋಣ ಇರು," ಎಂದರು.

ಮುಂದಿನ ಕಾಗದ ಬಂತು. "ಅಮ್ಮ ಗೋಡೆ ಹಿಡ್ಕೊಂಡು ಓಡಾಡ್ತಿದಾರಂತೆ. ಇಷ್ಟು ದೂರದಿಂದ ಬರೋದು ಬೇಡ ಅಂತ ಬರ್ದಿದಾನೆ ನಿನ್ನ ತಮ್ಮ."

ಅದರ ಮುಂದಿನದು. "ಅಮ್ಮ ಹಪ್ಪಳ ಮಾಡಿದ್ರಂತೆ ಈ ಸಲ."

ಸೊಂಟ ಮುರಿದವಳು ನೆಲಕ್ಕೆ ಕೂತು ಹಪ್ಪಳ ಲಟ್ಟಿಸುತ್ತಾಳೆಯೇ ಅಂತ ನನ್ನ ತಲೆಗೆ ಹೊಳೆಯಬೇಕಿತ್ತು. ಹೊಳೆಯಲಿಲ್ಲ. ಅಮ್ಮನದು ಗಟ್ಟಿ ಜೀವ ಅಂದುಕೊಂಡು ನಾನೂ ಆ ವಾರ ಹಪ್ಪಳ ಕರಿದೆ.

ಆ ನಡುವೆಯೇ ಪಿಕ್ಚರ್ ನೋಡಿದ್ದು. ಹ್ಯೂಸ್ಟನ್‌ನ ಒಂದು ಕಾಲೇಜಿನವರು ಭಾನುವಾರ ಮಧ್ಯಾಹ್ನ ಹಳೇ ಮೂಕಿ ಪಿಕ್ಚರ್ ತೋರಿಸುತ್ತಿದ್ದರು, ಬಿಟ್ಟಿ. ಊರಿಗೆ ಹೋಗುತ್ತೇನೆ ಅಂತ ನಾನು ಮತ್ತೆ ಮುಖ ಊದಿಸಿಕೊಂಡಿದ್ದೆ.

"ಬಾರೇ, ರೈಲಿನ ಪಿಕ್ಚರ್ ಅಂತೆ. ನಿಮ್ಮಪ್ಪನ ನೆನಪಾಗುತ್ತೆ," ಎಂದು ಕರೆದುಕೊಂಡು ಹೋದರು.

ಒಬ್ಬ ಮುದುಕಿ ಪರದೆ ಕೆಳಗೆ ಕೂತು ಪಿಯಾನೋ ಬಾರಿಸಿದಳು. ಇವರು ನನ್ನ ಕಿವಿಗೆ ಬಾಯಿಟ್ಟು ಪಿಸುಗುಟ್ಟುತ್ತಾ ಹೇಳಿದರು. ಬಯಲಿನಲ್ಲಿ ಒಂದು ಸಣ್ಣ ಸ್ಟೇಷನ್. ಸ್ಟೇಷನ್ ಮಾಸ್ಟರ್, ಅವನ ಹೆಂಡತಿ, ಇಬ್ಬರೇ. ಅವಳು ದೀಪ ಹಚ್ಚುತ್ತಾಳೆ, ಇಂಜಿನ್ನಿಗೆ ನೀರು ಬಿಡುತ್ತಾಳೆ, ಅಡುಗೆಯನ್ನೂ ಮಾಡುತ್ತಾಳೆ. ಒಂದು ದಿನ ಗಂಡ ಕುರ್ಚಿಯಲ್ಲಿ ನಿದ್ದೆ ಹೋಗಿದ್ದಾಗ ಎರಡು ಗಾಡಿ ಎದುರುಬದುರು ಬರುತ್ತವೆ. ಅವಳು ಓಡಿ ಹೋಗಿ ಸರಳಿಗೆ ಜೋತುಬಿದ್ದು ಎಳೆದು ಒಂದು ಗಾಡಿಯನ್ನು ಪಕ್ಕದ ಹಳಿಗೆ ತಿರುಗಿಸುತ್ತಾಳೆ. ಅಪ್ಪ ಎಳೆಯುತ್ತಿದ್ದಂಥದೇ ಸರಳು. ಅವಳು ಕಾಲು ಊರಿದ ರೀತಿ ಸರಿಯಾಗಿತ್ತು. ನನಗೆ ಮೈ ಬಿಸಿಯಾಯಿತು.

ಆಮೇಲೆ ದೊಡ್ಡ ಸಾಹೇಬರು ಬರುತ್ತಾರೆ. ಗಂಡನ ಕೈಗೆ ಗಡಿಯಾರ ಕೊಡುತ್ತಾರೆ.

"ಅಯ್ಯೋ, ಎಳೆದೋಳು ಅವಳಲ್ವಾ?" ಎಂದೆ.

"ಅವನು ಹಾಗೇ ಹೇಳ್ತಿದಾನೆ, ಎಲ್ಲಾ ಇವಳದ್ದೇ ಅಂತ. ಅವಳು, ಬೇಡಿ, ನನ್ನ ಗಂಡನಿಗೇ ಕೊಡಿ ಅಂತಿದಾಳೆ. ಒಳ್ಳೇ ಹೆಂಗಸು," ಎಂದರು.

ಕೊನೆಗೆ ಅವಳು ಟ್ರಂಕು ತುಂಬುತ್ತಾಳೆ. ಗೋಡೆಯ ಕನ್ನಡಿಯನ್ನೂ ತೆಗೆದು ಬಟ್ಟೆ ನಡುವೆ ಇಡುತ್ತಾಳೆ. ಗಾಡಿ ಹತ್ತುತ್ತಾಳೆ. ಗಂಡ ಲಾಟೀನು ಹಿಡಿದು ನಿಂತಿರುತ್ತಾನೆ. ಗಾಡಿ ಸಣ್ಣದಾಗುತ್ತಾ ಹೋಗುತ್ತದೆ.

"ಎಲ್ಲಿಗೆ ಹೊರಟಳು?"

"ತವರಿಗೆ. ಬಸುರಿ ಅಲ್ವಾ. ಮಗು ಎತ್ಕೊಂಡು ಬರ್ತೀನಿ ಅಂತ ಹೇಳಿ ಹೋಗ್ತಿದಾಳೆ."

"ಹೆರಿಗೆಗೆ ಹೋಗೋಳು ಕನ್ನಡಿ ಯಾಕ್ರೀ ಕಿತ್ಕೊಂಡು ಹೋಗ್ತಾಳೆ?"

"ಇಲ್ಲಿಯವರ ಪದ್ಧತಿ ಕಣೇ ಅದು."

ಇಲ್ಲಿಯವರಿಗೆ ಏನೇನೋ ಪದ್ಧತಿ ಇರುತ್ತವೆ, ಯಾರು ಕಂಡರು. ನಂಬಿದೆ. ಹೊಟ್ಟೆ ಮುಂದೆ ಬಾರದೇ ಇದ್ದದ್ದನ್ನೂ ನೋಡಿದ್ದೆ. ಅದಕ್ಕೂ ನಾನೇ ಸಮಾಧಾನ ಹೇಳಿಕೊಂಡೆ, ಮೂರು ತಿಂಗಳಿರಬೇಕು ಅಂತ. ಅಮ್ಮನ ಮನೆಗೆ ಹೊರಟ ಹೆಂಗಸನ್ನು ನೋಡಿ ಕಣ್ಣಲ್ಲಿ ನೀರು ಬಂತು. ನಾನು ಸುಲಭಕ್ಕೆ ಅಳುವವಳಲ್ಲ.

ಆ ಕಥೆ ನನ್ನ ಕಥೆಯೇ ಆಗಿಬಿಟ್ಟಿತು. ಟೆಂಟಿನವನ ಹಾಗೆ ಎದ್ದು ನಿಂತು, ಸೌಟನ್ನೇ ಕೋಲು ಮಾಡಿಕೊಂಡು ಹೇಳುತ್ತಿದ್ದೆ. ಗಾಡಿಯ ಸದ್ದು, ಸರಳು ಬಿದ್ದ ಸದ್ದು ಎಲ್ಲ ಬಾಯಲ್ಲೇ. ಓದಿದ ಹೆಂಗಸರ ನಡುವೆ ನನಗೆ ಬೇರೆ ಏನು ಮಾತಿತ್ತು? ಅವರು ಪುಸ್ತಕ, ಕಾರು, ಲೈಸೆನ್ಸು ಅನ್ನುವರು. ನಾನು ಮೂಲೆಯಲ್ಲಿ ಕೂತು ಈರುಳ್ಳಿ ಹೆಚ್ಚುವೆ. ಈ ಕಥೆ ಸಿಕ್ಕ ಮೇಲೆ ನನ್ನನ್ನೂ ನಡುವೆ ಕೂರಿಸತೊಡಗಿದರು. ಒಂದು ಯುಗಾದಿಗೆ ಡಲ್ಲಾಸ್‌ಗೆ ಹೋಗಿದ್ದೆವು, ಒಬ್ಬ ಡಾಕ್ಟರ ಮನೆಗೆ. ಈಗ ಡಲ್ಲಾಸ್‌ನವರು ಒಬ್ಬಟ್ಟು ಬೇಕೆಂದರೆ ಪಕ್ಕದೂರು ಕ್ಯಾರಲ್ಟನ್‌ಗೆ ಹೋಗಿ ಅಂಗಡಿಯಿಂದ ಡಬ್ಬಿ ತರುತ್ತಾರೆ. ಆಗ ಹೂರಣ ರುಬ್ಬಲು ನಾನೇ ಇನ್ನೂರು ಮೈಲಿ ಮೇಲೆ ಹೋಗಬೇಕಿತ್ತು. ಊಟ ಆದ ಮೇಲೆ ಡಾಕ್ಟರ ಹೆಂಡತಿ ಕೂಗಿದಳು:

"ಅಕ್ಕಾ, ಎಲ್ಲರೂ ಕಾಯ್ತಿದಾರೆ. ರೈಲು ಬಿಡಿ!"

"ರೈಲು ಬಿಡೋರು ನಿಮ್ಮ ಯಜಮಾನ್ರು. ನಂದು ನಿಜವಾದ ಕಥೆ," ಎಂದೆ. ಎಲ್ಲ ನಕ್ಕರು.

ಹೇಳಿದೆ. ತವರಿಗೆ ಹೊರಡುವ ಕಡೆ ಬಂದಾಗ ಒಬ್ಬಿಬ್ಬರು ಸೆರಗು ಕಣ್ಣಿಗೆ ಒತ್ತಿಕೊಂಡರು. ನನ್ನವರು ಆ ಕಡೆ ಗಂಡಸರ ಜೊತೆ ಇಸ್ಪೀಟು ಆಡುತ್ತಿದ್ದರು. ತಲೆ ಎತ್ತಲಿಲ್ಲ.

ಮೂರು ನಾಲ್ಕು ವರ್ಷ ಹೀಗೇ ಹೋಯಿತು. ಕಾಗದ ಬರುತ್ತಿದ್ದವು, ಅಮ್ಮ ಚೆನ್ನಾಗಿದ್ದಳು. ನಾನು ಊರಿಗೆ ಅಂದಾಗಲೆಲ್ಲ ಒಂದೊಂದು ಕಾರಣ. ವೀಸಾ ಕಾಗದ ನಡುವೆ ಇದೆ, ರಜೆ ಇಲ್ಲ, ಮುಂದಿನ ಬೇಸಿಗೆಗೆ. ಒಂದು ವರ್ಷ ಬೇಸಿಗೆ ಶುರುವಾಗುವಾಗಲೇ ಕಾಗದ ಬರುವುದು ನಿಂತಿತು. "ಅಲ್ಲಿ ಪೋಸ್ಟ್‌ನೋರು ಮುಷ್ಕರ ಮಾಡ್ತಿದಾರಂತೆ," ಎಂದರು ಇವರು.

ಆ ದೀಪಾವಳಿಗೆ ಎಲ್ಲ ಆಸ್ಟಿನ್‌ನಲ್ಲಿ ಸೇರಿದೆವು. ಅಲ್ಲಿ ಯೂನಿವರ್ಸಿಟಿಯಲ್ಲಿ ಓದುವ ನಮ್ಮ ಕಡೆಯ ಹುಡುಗ ಹುಡುಗಿಯರು ಒಂದು ಹಳೇ ಮರದ ಮನೆ ಬಾಡಿಗೆಗೆ ಹಿಡಿದಿದ್ದರು. ನಾವು ಹ್ಯೂಸ್ಟನ್‌ನಿಂದ ಎರಡು ಕಾರು, ಡಲ್ಲಾಸ್‌ನಿಂದ ಡಾಕ್ಟರ ಕಾರು. ನಾನು ಮೂವತ್ತು ಹೋಳಿಗೆ ತಟ್ಟಿಕೊಂಡು ಹೋಗಿದ್ದೆ. ತಲೆಗೆ ಎಣ್ಣೆ ಹಾಕಿಕೊಂಡು, ಹೊಸ ಸೀರೆ ಉಟ್ಟು, ಎಲ್ಲಿಂದಲೋ ತಂದ ಕನಕಾಂಬರದಂಥ ಹೂವು ಮುಡಿದಿದ್ದೆ. ಇದನ್ನು ಯಾಕೆ ಬರೆಯುತ್ತೇನೆ ಎಂದರೆ, ಅದಕ್ಕೆ ಲೆಕ್ಕವಿದೆ.

ಊಟ ಆದ ಮೇಲೆ ಕ್ಯಾಂಪಸ್ ನೋಡಲು ಹೊರಟೆವು. ಒಂದು ಸಿನಿಮಾ ಹಾಲಿನ ಬಾಗಿಲಿಗೆ ದೊಡ್ಡ ಚಿತ್ರ ಅಂಟಿಸಿದ್ದರು. ನೀರಿನ ತೊಟ್ಟಿ, ಹಳಿ, ಲಾಟೀನು ಎತ್ತಿದ ಹೆಂಗಸು. ಓದಲು ಬಾರದಿದ್ದರೇನು, ಅವಳ ಗುರುತು ನನಗೆ ಸಿಕ್ಕಿತು.

"ಇದೇ! ಇದೇ ನನ್ನ ಪಿಕ್ಚರ್!" ಎಂದು ಕೂಗಿದೆ.

"ಎರಡೂವರೆಗೆ ಶೋ ಇದೆ. ನಡೀರಿ ಅಕ್ಕಾ, ಇವತ್ತು ನೀವೇ ಹೇಳ್ಬೇಕು," ಎಂದಳು ಡಾಕ್ಟರ ಹೆಂಡತಿ.

ಇವರು ಮುಂದೆ ಬಂದರು. "ಆ ಹಳೇ ಪಿಕ್ಚರ್ ಮತ್ಯಾಕೆ? ಮೂರು ಗಂಟೆ ಡ್ರೈವ್ ಮಾಡ್ಬೇಕು. ಹೊರಡೋಣ."

"ಕೂತ್ಕೊಳ್ಳಿ ಸಾರ್, ಒಂದೂವರೆ ಗಂಟೆ ಅಷ್ಟೇ," ಎಂದರು ಡಾಕ್ಟರು.

"ನನಗೆ ತಲೆನೋವು," ಎಂದು ಇವರು ಹೊರಗೇ ಬೆಂಚಿನ ಮೇಲೆ ಕೂತರು. ನಿಜವಾಗಿ ತಲೆನೋವೇ ಅಂದುಕೊಂಡೆ. ಮಾತ್ರೆ ಕೊಟ್ಟು ಒಳಗೆ ಹೋದೆ.

ಹಾಲ್ ಖಾಲಿ ಇತ್ತು. ಹಿಂದಿನ ಎರಡು ಸಾಲು ನಮ್ಮವರದೇ. ನನ್ನನ್ನು ನಡುವೆ ಕೂರಿಸಿದರು. ಎಡಕ್ಕೆ ಡಾಕ್ಟರ ಹೆಂಡತಿ, ಬಲಕ್ಕೆ ಕೆಮಿಸ್ಟ್ರಿ ಓದುತ್ತಿದ್ದ ಹುಬ್ಬಳ್ಳಿಯ ಹುಡುಗಿ. ಅವಳನ್ನು ಅವತ್ತೇ ನೋಡಿದ್ದು. ನಾನು ಶುರು ಮಾಡಿದೆ. ಮೊದಮೊದಲು ಎಲ್ಲ ಸರಿ ಇತ್ತು. ನಗುತ್ತಿದ್ದರು, ಶಿಳ್ಳೆ ಹೊಡೆದರು. ಸರಳು ಎಳೆಯುವಾಗ ನಾನೂ ಎದ್ದು ನಿಂತೆ.

ಸಾಹೇಬರು ಬಂದರು. ನಾನು ಹೇಳಿದೆ: "ಈಗ ಗಂಡ ಹೇಳ್ತಾನೆ, ಸ್ವಾಮೀ, ಇದೆಲ್ಲಾ ನನ್ನ ಹೆಂಡತಿ ಮಾಡಿದ್ದು ಅಂತ."

ಪರದೆಯ ಮೇಲೆ ಅಕ್ಷರ ಬಂತು. ಯಾರೂ ನಗಲಿಲ್ಲ. ಡಾಕ್ಟರ ಹೆಂಡತಿ ತನ್ನ ಬಳೆ ತಿರುಗಿಸಿಕೊಂಡಳು. ನಾನು ಮುಂದುವರಿಸಿದೆ, "ಅವಳು ಹೇಳ್ತಾಳೆ, ಬೇಡಿ..."

"ಹಂಗಿಲ್ರೀ ಆಂಟಿ ಅದು," ಎಂದಳು ಹುಬ್ಬಳ್ಳಿ ಹುಡುಗಿ.

"ಏನು ಹಂಗಿಲ್ಲ?"

"ಅಂವ ಸುಳ್ಳ ಹೇಳಾಕತ್ತಾನ್ರೀ. ಎಲ್ಲಾ ನಾನ ಮಾಡೇನಿ, ನನ್ನ ಹೇಣ್ತಿ ಮಕ್ಕೊಂಡಿದ್ಳು ಅಂತ ಬರದಾರ ನೋಡ್ರಿ ಅಲ್ಲೆ."

"ಸುಮ್ನಿರೇ," ಎಂದು ಹಿಂದಿನಿಂದ ಯಾರೋ ಅವಳ ಹೆಗಲು ಒತ್ತಿದರು.

"ಯಾಕ್ ಸುಮ್ನಿರ್ಲಿ? ಆಂಟಿ ತಪ್ಪ ಹೇಳಾಕತ್ತಾರ."

ನಾನು ಕೂತುಬಿಟ್ಟೆ. ಸುತ್ತ ಎಲ್ಲರ ಮುಖ ನೋಡಿದೆ. ಎಲ್ಲ ಓದು ಬಂದವರು. ಗಡಿಯಾರದ ಕಡೆ ಬರುವ ಮೊದಲೇ ಎಲ್ಲರಿಗೂ ಗೊತ್ತಾಗಿತ್ತು, ನನಗೆ ಬೇಜಾರಾಗಬಾರದೆಂದು ಬಾಯಿ ಮುಚ್ಚಿಕೊಂಡಿದ್ದರು. ಅಂಥ ಒಳ್ಳೆಯತನ ನಾಯಿಗೂ ಬೇಡ.

"ನೀನೇ ಓದಮ್ಮಾ," ಎಂದೆ ಆ ಹುಡುಗಿಗೆ. "ಇರೋದು ಇದ್ದ ಹಾಗೆ ಓದು."

ಪಿಕ್ಚರಿನ ಹೆಂಗಸು ಟ್ರಂಕು ತುಂಬಿದಳು. ಕನ್ನಡಿ ತೆಗೆದಳು. ಗಾಡಿ ಹತ್ತಿದಳು. ಅಕ್ಷರ ಬಂತು. ಹುಡುಗಿ ಸಣ್ಣ ದನಿಯಲ್ಲಿ ಓದಿದಳು:

"ನಾ ಹೊಳ್ಳಿ ಬರೂದಿಲ್ಲ. ಇನ್ಮ್ಯಾಲ ದೀಪಾ ನೀನ ಹಚ್ಕೋ."

"ತವರಿಗೆ ಅಂತ ಇಲ್ವಾ? ಮಗು?"

"ತವರಮನಿ ಸುದ್ದೀನ ಇಲ್ರೀ ಆಂಟಿ. ಬಸುರಿನೂ ಅಲ್ಲಾಕಿ. ಬಿಟ್ಟ ಹೊಂಟಾಳ ಅಷ್ಟ."

ಪಿಕ್ಚರ್ ಮುಗಿಯಿತು. ದೀಪ ಹಾಕಿದರು. ಡಾಕ್ಟರ ಹೆಂಡತಿ, "ನಿಮ್ಮ ಕಥೇನೇ ಚೆನ್ನಾಗಿತ್ತು ಬಿಡಿ ಅಕ್ಕಾ," ಎಂದಳು. ನಾನು ಸೆರಗು ಸರಿಮಾಡಿಕೊಂಡು ಎದ್ದೆ. ನಾಚಿಕೆ ಆಗಲಿಲ್ಲವೆಂದಲ್ಲ. ಆದರೆ ನಾಚಿಕೆಗಿಂತ ಮುಂಚೆ ಬೇರೊಂದು ಬಂದು ಎದೆಯಲ್ಲಿ ಕೂತಿತ್ತು. ಪಿಕ್ಚರಿನ ಅಕ್ಷರ ಓದಿದ್ದು ಯಾರು? ಇವರು. ಕಾಗದ ಓದುವುದು ಯಾರು?

ಹೊರಗೆ ಬಂದಾಗ ಇವರು ಬೆಂಚಿನಿಂದ ಎದ್ದು ನನ್ನ ಮುಖ ನೋಡಿದರು. ನಾನು ಹೋಗಿ ಕಾರಿನಲ್ಲಿ ಕೂತೆ. ಮೂರು ಗಂಟೆ ದಾರಿ. ಲಾ ಗ್ರಾಂಜ್ ಅನ್ನುವ ಊರಿನ ಹತ್ತಿರ ಒಂದು ಗೂಡ್ಸ್ ಗಾಡಿ ಅಡ್ಡ ಬಂತು, ನಿಂತೆವು. ಎಂಬತ್ತೊಂಬತ್ತು ಡಬ್ಬಿ. ಎಣಿಸಿದೆ.

"ಪಿಕ್ಚರ್ ಹೇಗಿತ್ತು?" ಎಂದರು ಇವರು.

"ಅದೇ ಇತ್ತು," ಎಂದೆ.

ಆ ಹುಬ್ಬಳ್ಳಿ ಹುಡುಗಿಯ ಗೆಳತಿ ಹ್ಯೂಸ್ಟನ್‌ನಲ್ಲಿದ್ದಳು. ಹದಿನೈದು ದಿನ ಬಿಟ್ಟು ಹುಡುಗಿ ಗೆಳತಿಯನ್ನು ನೋಡಲು ಬಂದಾಗ ಊಟಕ್ಕೆ ಕರೆದೆ. ಇವರು ಕೆಲಸಕ್ಕೆ ಹೋಗಿದ್ದರು. ಜೋಳದ ರೊಟ್ಟಿ ನನಗೆ ಬರುವುದಿಲ್ಲ, ಅಕ್ಕಿ ರೊಟ್ಟಿ ಹಾಕಿದೆ. ತಿಂದು ಕೈ ತೊಳೆದ ಮೇಲೆ ಡಬ್ಬಿ ತಂದು ಅವಳ ಮುಂದೆ ಇಟ್ಟೆ.

"ಇದನ್ನ ಓದು. ಪಿಕ್ಚರ್ ಓದಿದ ಹಾಗೇ ಓದು."

ಒಂದು ತೆಗೆದಳು. ಓದತೊಡಗಿದಳು, ನಿಂತಳು. "ಆಂಟಿ, ಇವು ನಿಮ್ಮ ಮನಿ ಕಾಗದಾ. ನಾ ಹ್ಯಾಂಗ ಓದ್ಲಿ?"

"ಓದಿ ಹೇಳೋಕೆ ಅಂತ್ಲೇ ಬರೆದಿರೋದು ಅವನು. ಓದು."

ಓದಿದಳು. ಅಮ್ಮ ಗೋಡೆ ಹಿಡಿದು ಓಡಾಡಿರಲಿಲ್ಲ. ಬಿದ್ದ ದಿನದಿಂದ ಮಲಗಿದಲ್ಲೇ. ಹಪ್ಪಳದ ಕಾಗದದಲ್ಲಿ ಹಪ್ಪಳದ ಸುದ್ದಿಯೇ ಇರಲಿಲ್ಲ. ಬೆನ್ನು ಹುಣ್ಣಾಗಿದೆ, ಮಗ್ಗುಲು ಬದಲಾಯಿಸಲು ನನ್ನ ಹೆಂಡತಿ ಒಬ್ಬಳ ಕೈಯಲ್ಲಿ ಆಗುತ್ತಿಲ್ಲ, ಅಕ್ಕ ಒಂದು ತಿಂಗಳ ಮಟ್ಟಿಗೆ ಬಂದರೆ ಸಾಕು ಎಂದಿತ್ತು. ಇನ್ನೊಂದರಲ್ಲಿ, ಭಾವನವರಿಗೆ ಕಷ್ಟವಾದರೆ ಟಿಕೇಟು ನಾನೇ ಸಾಲ ಮಾಡಿ ಕಳಿಸುತ್ತೇನೆ. ಪಾರ್ಸಲ್ ಗುಮಾಸ್ತ ಅವನು. ಕೊನೆಯದರಲ್ಲಿ, ಅಮ್ಮ ಬಾಗಿಲ ಕಡೆ ಮುಖ ಮಾಡಿಸು ಅನ್ನುತ್ತಾಳೆ, ಅಕ್ಕ ಬಂದರೆ ಕಾಣಲಿ ಅಂತ. ಬರಲು ಆಗದಿದ್ದರೆ ಯಾಕೆ ಆಗುವುದಿಲ್ಲ ಎಂದಾದರೂ ಸರಿಯಾಗಿ ಬರೆ.

ಹುಡುಗಿ ಅತ್ತಳು. ನಾನು ಅಳಲಿಲ್ಲ. ಇಷ್ಟು ವರ್ಷ ಆ ಕಾಗದಗಳನ್ನು ಅಡುಗೆಮನೆಯಲ್ಲಿ ನಾನೇ ಕಾಪಾಡಿಕೊಂಡು ಬಂದಿದ್ದೆ. ಮನೆ ಬದಲಾಯಿಸಿದಾಗಲೆಲ್ಲ ಆ ಡಬ್ಬಿಯನ್ನು ಬೇರೆ ಸಾಮಾನಿನ ಜೊತೆ ಹಾಕದೆ ತೊಡೆಯ ಮೇಲೆ ಇಟ್ಟುಕೊಂಡು ಹೋಗಿದ್ದೆ.

ಸಂಜೆ ಇವರು ಬಂದು ಶೂ ಬಿಚ್ಚುತ್ತಿದ್ದರು.

"ಅಮ್ಮ ಇದಾಳಾ?" ಎಂದೆ.

ಲೇಸಿನ ಗಂಟು ಹಿಡಿದು ಹಾಗೇ ಕೂತರು. ಡಬ್ಬಿ ಮೇಜಿನ ಮೇಲೆ ತೆರೆದು ಇಟ್ಟಿದ್ದೆ. ಅದನ್ನು ನೋಡಿದರು. ಎದ್ದು ಹೋಗಿ ಆಫೀಸಿನ ಚೀಲದಿಂದ ಒಂದು ನೀಲಿ ಕಾಗದ ತಂದು ಕೊಟ್ಟರು. ಓದು ಬೇಕಿರಲಿಲ್ಲ. ನನ್ನ ತಮ್ಮ ಕಾಗದದ ತಲೆಗೆ ಯಾವಾಗಲೂ ಶ್ರೀ ಹಾಕುತ್ತಿದ್ದ. ಸಾವಿನ ಕಾಗದಕ್ಕೆ ಮಾತ್ರ ಅದನ್ನು ಹಾಕುವುದಿಲ್ಲ. ಆ ಅಕ್ಷರ ನನಗೆ ಗೊತ್ತಿತ್ತು. ಈ ಕಾಗದದ ತಲೆ ಬೋಳಾಗಿತ್ತು.

"ಯಾವಾಗ?"

"ಏಪ್ರಿಲ್‌ನಲ್ಲಿ."

ಏಪ್ರಿಲ್‌ನಿಂದ ಇತ್ತ ನಾನು ಗೌರಿ ಕೂರಿಸಿದ್ದೆ. ಹೂವು ಮುಡಿದಿದ್ದೆ. ಎಣ್ಣೆ ನೀರು ಹಾಕಿಕೊಂಡು ಮೂವತ್ತು ಹೋಳಿಗೆ ತಟ್ಟಿದ್ದೆ. ಹೆತ್ತ ತಾಯಿ ಸತ್ತರೆ ಕೊಟ್ಟ ಹೆಣ್ಣುಮಗಳಿಗೆ ಮೂರು ದಿನದ ಸೂತಕ. ಆ ಮೂರು ದಿನವನ್ನೂ ನನಗೆ ಕೊಡಲಿಲ್ಲ. ನಾನು ಹೋಳಿಗೆ ತಟ್ಟುವಾಗ ಇವರು ಪಕ್ಕದಲ್ಲೇ ನಿಂತು ಒಂದು ಬಿಸಿ ಬಿಸಿ ತಿಂದಿದ್ದರು.

"ಯಾಕೆ?" ಎಂದೆ.

"ನೀನು ಹೋದ್ರೆ ವಾಪಸ್ ಬರಲ್ಲ ಅನ್ನಿಸ್ತು. ಇಲ್ಲಿ ನಿನಗೆ ಏನಿದೆ? ಮಕ್ಕಳಿಲ್ಲ, ಭಾಷೆ ಇಲ್ಲ. ಅಮ್ಮನ ಹತ್ರ ಹೋದೋಳು ಅಲ್ಲೇ ಇದ್ದುಬಿಟ್ರೆ ನಾನು ಒಬ್ಬನೇ ಏನ್ ಮಾಡ್ಲಿ?"

"ಅದಕ್ಕೇ ಆ ಹೆಂಗಸನ್ನೂ ತವರಿಗೆ ಕಳಿಸಿದ್ರಾ?"

"ಬರೀ ಪಿಕ್ಚರ್ ಕಣೇ ಅದು. ನಿಮ್ಮ ಟೆಂಟಿನಲ್ಲೂ ಬಾಯಿಗೆ ಬಂದದ್ದು ಹೇಳ್ತಿರ್ಲಿಲ್ವಾ?"

"ಅಲ್ಲಿ ಅವನು ಸುಳ್ಳು ಹೇಳ್ತಾನೆ ಅಂತ ಊರಿಗೇ ಗೊತ್ತಿತ್ತು. ಇಲ್ಲಿ ನಿಮ್ಮನ್ನ ನಂಬ್ಕೊಂಡು ನಾನೊಬ್ಳೇ ಇದ್ದೆ."

ಬಚ್ಚಲಿಗೆ ಹೋಗಿ ತಲೆ ಮೇಲೆ ತಣ್ಣೀರು ಸುರಿದುಕೊಂಡೆ. ಮೂರು ದಿನ ಒಲೆ ಹಚ್ಚಲಿಲ್ಲ. ಇವರು ಬ್ರೆಡ್ ತಿಂದರು. ನಾಲ್ಕನೇ ದಿನ ಊರಿಗೆ ಟಿಕೇಟು ತಂದು ಮೇಜಿನ ಮೇಲೆ ಇಟ್ಟರು. ಯಾರನ್ನು ನೋಡಲು ಹೋಗಲಿ ಎಂದು ಕೇಳಿದೆ. ತಗೊಂಡು ಹೋಗಿ ವಾಪಸ್ ಮಾಡಿದರು.

ಓದಲು ಕಲಿತೆ. ಹುಬ್ಬಳ್ಳಿ ಹುಡುಗಿ ತಿಂಗಳಿಗೆ ಎರಡು ಸಲ ಬಸ್ಸಿನಲ್ಲಿ ಬಂದು ಹೇಳಿಕೊಟ್ಟಳು. ನನಗಾಗ ನಲವತ್ತೆರಡು. ಕೊಂಬು, ದೀರ್ಘ, ಒತ್ತು ಯಾವುದೂ ಒಂದು ಕಡೆ ನಿಲ್ಲುತ್ತಿರಲಿಲ್ಲ. "ಆಂಟಿ, ರೊಟ್ಟಿಗಿಂತ ನಿಮ್ಮ ಟ ದುಂಡಗದ," ಎಂದು ನಗುತ್ತಿದ್ದಳು. ಆರು ತಿಂಗಳಾದ ಮೇಲೆ ತಮ್ಮನಿಗೆ ನಾನೇ ಒಂದು ಕಾಗದ ಬರೆದೆ. ನಾಲ್ಕು ದಿನ ಹಿಡಿಯಿತು. ಭಾವ ನಿನ್ನ ಕಾಗದವನ್ನು ಸುಳ್ಳು ಓದಿದರು, ಅಮ್ಮ ಮಲಗಿದ್ದು ನನಗೆ ಗೊತ್ತಿರಲಿಲ್ಲ, ಗೊತ್ತಿದ್ದರೆ ಈಜಿಕೊಂಡಾದರೂ ಬರುತ್ತಿದ್ದೆ. ಇಷ್ಟೇ. ಹುಡುಗಿ ತಪ್ಪು ತಿದ್ದಲು ಬಂದಳು. ಬೇಡ ಎಂದೆ.

ಉತ್ತರ ಮನೆಗೇ ಬಂತು, ನನ್ನ ಹೆಸರಿಗೆ. ಭಾನುವಾರ ಬೆಳಿಗ್ಗೆ ಅಡುಗೆಮನೆಯಲ್ಲಿ ಕೂತು ಬೆರಳಿಟ್ಟು ಓದಿದೆ. ಮಧ್ಯಾಹ್ನವಾಯಿತು. ತಮ್ಮ ಬರೆದದ್ದು ಇಷ್ಟು:

"ಅಕ್ಕ, ನಿನ್ನ ಕಾಗದ ಬಂತು. ಇದನ್ನು ನೀನೇ ಬರೆದದ್ದು ಅಂತ ಅಕ್ಷರ ನೋಡಿದರೆ ಗೊತ್ತಾಗುತ್ತದೆ. ಆದರೆ ಹಿಂದಿನ ಕಾಗದಗಳ ಕೆಳಗೂ ನಿನ್ನದೇ ರುಜು ಇದೆ. ಇಲ್ಲಿ ಮನೆ ಬಿಟ್ಟು ಹೊರಡುವ ಹಾಗಿಲ್ಲ, ಮೇಲಿಂದ ಮೇಲೆ ಕರೆಯಬೇಡಿ ಅಂತ ಅವುಗಳಲ್ಲಿ ಇತ್ತು. ನಾನೇ ಅಮ್ಮನಿಗೆ ಓದಿ ಹೇಳಿದೆ. ಅಮ್ಮ ನಂಬಲಿಲ್ಲ, ರುಜು ತೋರಿಸು ಅಂದಳು. ತೋರಿಸಿದೆ. ಅದರ ಮೇಲೆ ಕೈ ಆಡಿಸಿ, ಹೌದು ಇದು ಅವಳದೇ, ಚಿಕ್ಕಂದಿನಲ್ಲಿ ನೆಲದ ಮೇಲೆಲ್ಲ ಬರೆಯುತ್ತಿದ್ದಳು ಅಂದಳು. ಆಮೇಲೆ ಬಾಗಿಲ ಕಡೆಯಿಂದ ಮುಖ ತಿರುಗಿಸು ಅಂದಳು. ಈಗ ನೀನು ಬರೆದಿರುವುದನ್ನು ನಾನು ಯಾರಿಗೆ ಓದಿ ಹೇಳಲಿ?"

ಎರಡು ಸಲ ಓದಿದೆ. ಓದು ಕಲಿತದ್ದಕ್ಕೆ ಸಿಕ್ಕ ಮೊದಲ ಫಲ ಅದು.

ಇವರು ಬಾಗಿಲಲ್ಲಿ ನಿಂತಿದ್ದರು. ಎಷ್ಟು ಹೊತ್ತಿನಿಂದಲೋ ಗೊತ್ತಿಲ್ಲ. "ಏನು ಬರ್ದಿದಾನೆ?" ಎಂದರು. ಹೇಳಲಿಲ್ಲ. ಮಡಿಸಿ ಸೊಂಟಕ್ಕೆ ಸಿಕ್ಕಿಸಿಕೊಂಡು ಅಕ್ಕಿ ತೊಳೆಯಲು ಎದ್ದೆ.

ಆಮೇಲೆ ಹದಿನೇಳು ವರ್ಷ ಇವರ ಜೊತೆಗೇ ಇದ್ದೆ. ಅಡುಗೆ ಮಾಡಿ ಹಾಕಿದೆ. ಕೊನೆಗೆ ಆಸ್ಪತ್ರೆಯಲ್ಲಿ ಮೈ ಒರೆಸಿದೆ. ನಡುನಡುವೆ ಎಷ್ಟೋ ಸಲ ಕೇಳಿದರು, ಒಮ್ಮೆ ಕೈ ಹಿಡಿದುಕೊಂಡೂ ಕೇಳಿದರು, ಆ ಕಾಗದದಲ್ಲಿ ಏನಿತ್ತು ಹೇಳು ಅಂತ. ಹೇಳಲಿಲ್ಲ. ಇವರಿಗೆ ಗೊತ್ತಾಗದೇ ಹೋಯಿತು.